ಬಾಗಿಲಲ್ಲೇ ನಿಂತ ಕ್ಯಾಮೆರಾ

ಕೇಳುಗರಿಗೆ ನಮಸ್ಕಾರ. ಇವತ್ತು ಒಂದು ಸಾಕ್ಷ್ಯಚಿತ್ರದ ಮಾತು.

ಒಂದು ಖಾಲಿ ಕೋಣೆ. ಒಬ್ಬ ಗಂಡಸು ಬಾಗಿಲು ತೆಗೆದು ಒಳಗೆ ಹೋಗುತ್ತಾನೆ. ಯಾರೂ ಇಲ್ಲದ ನೆಲದ ಕಡೆ ತಿರುಗಿ ಗದರುತ್ತಾನೆ. ಏಳಬೇಡ, ಅಲುಗಾಡಬೇಡ ಅನ್ನುತ್ತಾನೆ. ಹೊರಗೆ ಬರುತ್ತಾನೆ, ಬಾಗಿಲು ಹಾಕುತ್ತಾನೆ, ಮತ್ತೆ ಒಳಗೆ ಹೋಗುತ್ತಾನೆ. ಇದು ನಟನೆಯಲ್ಲ. ಹುಡುಗನಾಗಿದ್ದಾಗ ಇದೇ ಜಾಗದಲ್ಲಿ ಅವನು ಕಾವಲುಗಾರನಾಗಿದ್ದ.

ಜಾಗ ಕಾಂಬೋಡಿಯಾದ ನಾಮ್ ಪೆನ್. ಮೊದಲು ಅದು ಶಾಲೆ. 1975ರ ಏಪ್ರಿಲ್ 17ರಂದು ಪೋಲ್ ಪಾಟ್ ಎಂಬ ನಾಯಕನ ಕಮ್ಯುನಿಸ್ಟ್ ಪಡೆ, ಖಮೇರ್ ರೂಜ್, ನಗರವನ್ನು ಹಿಡಿಯಿತು. ಆಮೇಲೆ ಶಾಲೆ ಜೈಲಾಯಿತು, ಎಸ್-21 ಅಂತ ಹೆಸರಾಯಿತು. ಅಲ್ಲಿಗೆ ತಂದು ಕೂಡಿಹಾಕಿದವರು 12,000ಕ್ಕೂ ಜಾಸ್ತಿ. ಉಳಿದವರು ಕೆಲವೇ ಕೆಲವರು. ಅವರಲ್ಲಿ ಒಬ್ಬರು ವಾನ್ ನಾಥ್. ಪೋಲ್ ಪಾಟ್‌ನ ಚಿತ್ರ ಬರೆಯಲು ಬೇಕಾಗಿದ್ದರಿಂದ ಅವರ ಜೀವ ಉಳಿಯಿತು.

2003ರಲ್ಲಿ ಬಂದ ಈ ಸಾಕ್ಷ್ಯಚಿತ್ರ ಮಾಡಿದವರು ರಿತಿ ಪಾನ್. ಅವರೂ ಆ ಆಡಳಿತದಲ್ಲಿ ಬೆಂದವರೇ. ಖಮೇರ್ ರೂಜ್ ಜನರನ್ನೆಲ್ಲ ಹೊರಗಟ್ಟಿ ನಗರ ಖಾಲಿ ಮಾಡಿಸಿದಾಗ ಅವರಿಗೆ ಹತ್ತು ಹನ್ನೊಂದು ವರ್ಷ. ತಂದೆ, ತಾಯಿ, ಒಡಹುಟ್ಟಿದವರಲ್ಲಿ ಕೆಲವರು ಆ ಕಾಲದಲ್ಲೇ ತೀರಿಕೊಂಡರು. 1979ರಲ್ಲಿ ಥಾಯ್ಲೆಂಡಿನ ನಿರಾಶ್ರಿತರ ಶಿಬಿರ ಸೇರಿದರು, ಅಲ್ಲಿಂದ ಪ್ಯಾರಿಸ್. ಮರಗೆಲಸ ಕಲಿತು, ಆಮೇಲೆ ಸಿನಿಮಾ ಶಾಲೆಗೆ ಹೋದರು.

ನಾವಾಗಿದ್ದರೆ ಆ ಕಾವಲುಗಾರನನ್ನು ಏನು ಕೇಳುತ್ತಿದ್ದೆವು? ಯಾಕಪ್ಪಾ ಹೀಗೆ ಮಾಡಿದೆ ಅಂತ, ಅಲ್ವಾ? ಅಪ್ಪಣೆಯಿತ್ತು, ಹೆದರಿಕೆಯಿತ್ತು ಅನ್ನುವ ಉತ್ತರ ಅವನ ಬಾಯಲ್ಲಿ ಸಿದ್ಧವಿರುತ್ತದೆ. ಪಾನ್ ಹೇಗೆ ಮಾಡುತ್ತಿದ್ದೆ, ತೋರಿಸು ಅನ್ನುವ ದಾರಿ ಹಿಡಿದರು. ಬಾಯಿ ಸುಳ್ಳು ಹೇಳೀತು, ಕೈಕಾಲಿಗೆ ರೂಢಿ ಮರೆಯುವುದಿಲ್ಲ. ಅವನು ಬೀಗ ಹಾಕುವ ಗತ್ತು ನೋಡಿದರೆ ಮೈ ಜುಮ್ಮೆನ್ನುತ್ತದೆ.

ಇನ್ನೊಂದು ಮಾತು. ಅವನು ಒಳಗೆ ಹೋದಾಗ ಕ್ಯಾಮೆರಾ ಹಿಂದೆ ಹೋಗುವುದಿಲ್ಲ, ಬಾಗಿಲಲ್ಲೇ ನಿಲ್ಲುತ್ತದೆ. ಮೊದಲ ಸಲ ನಾನಿದನ್ನು ಗಮನಿಸಿರಲಿಲ್ಲ. ಎರಡನೇ ಸಲ ನೋಡುವಾಗ ಹೊಳೆಯಿತು. ಆ ನೆಲದ ಮೇಲೆ ಸಾಲಾಗಿ ಜನ ಮಲಗಿದ್ದರು. ಒಳಗೆ ಹೋದರೆ ಅವರನ್ನು ತುಳಿದ ಹಾಗೆ.

ಹತ್ತು ವರ್ಷದ ನಂತರ ಇನ್ನೊಂದು ಸಿನಿಮಾದಲ್ಲಿ ಪಾನ್ ತಮ್ಮ ಮನೆಯವರ ಕಥೆಗೇ ಬಂದರು. ತೋರಿಸಲು ಚಿತ್ರಗಳೇ ಇಲ್ಲ. ಆಗ ತೆಗೆದ ರೀಲುಗಳೆಲ್ಲ ಸರ್ಕಾರದ ಪ್ರಚಾರಕ್ಕೆ. ಹಸಿವನ್ನು ಯಾರು ತೆಗೆದಾರು? ಅದಕ್ಕೇ ಜೇಡಿಮಣ್ಣಿನಲ್ಲಿ ಪುಟ್ಟ ಗೊಂಬೆಗಳನ್ನು ಮಾಡಿಸಿ, ಬಣ್ಣ ಹಚ್ಚಿಸಿ, ಊರು ಕೇರಿ ಗದ್ದೆಯನ್ನೆಲ್ಲ ಕಟ್ಟಿದರು. 2013ರಲ್ಲಿ ಫ್ರಾನ್ಸಿನ ಕಾನ್ ಸಿನಿಮಾ ಉತ್ಸವದಲ್ಲಿ ಅದಕ್ಕೆ ಪ್ರಶಸ್ತಿ ಬಂತು. ಅದು ಹಾಗಿರಲಿ.

ಆ ಗೊಂಬೆಗಳು ಕಾರ್ಟೂನಿನ ಹಾಗೆ ಕೈಕಾಲು ಆಡಿಸುವುದಿಲ್ಲ. ಇಟ್ಟಲ್ಲೇ ಇರುತ್ತವೆ. ಪಾನ್ ಅವರ ತಂದೆ ಶಿಕ್ಷಣ ಇಲಾಖೆಯಲ್ಲಿದ್ದವರು. ದನಕ್ಕೆ ಹಾಕುವಂಥದ್ದನ್ನು ತಿನ್ನಲಾರೆ ಅಂತ ಊಟ ಬಿಟ್ಟು ತೀರಿಕೊಂಡರು. ಸಿನಿಮಾದಲ್ಲಿ ಅವರದೂ ಒಂದು ಗೊಂಬೆಯಿದೆ. ಸುತ್ತ ಎಲ್ಲರಿಗೂ ಕಪ್ಪು ಬಟ್ಟೆ ತೊಡಿಸಿದ ಕಾಲ ಅದು. ಮಗ ಅಪ್ಪನಿಗೆ ಬಿಳಿ ಸೂಟು ತೊಡಿಸಿದ್ದಾರೆ, ಟೈ ಕಟ್ಟಿಸಿದ್ದಾರೆ.