ಗುಳೆ ಹೋದವರ ಮಗನ ಒಂದು ‘ಫೋಟೋ’

[ದೃಶ್ಯ: ಸಿಂಧನೂರು ಬಸ್ ಸ್ಟ್ಯಾಂಡ್, ರಾತ್ರಿ. ಗಂಟು, ಕೊಡ, ನಿದ್ದೆಗಣ್ಣಿನ ಮಕ್ಕಳು.]

ನಮಸ್ಕಾರ. ಸುಗ್ಗಿ ಮುಗಿದ ಮೇಲೆ ಸಿಂಧನೂರು, ದೇವದುರ್ಗ, ಲಿಂಗಸುಗೂರು, ಯಾವ ಬಸ್ ಸ್ಟ್ಯಾಂಡಿಗಾದರೂ ರಾತ್ರಿ ಹೋಗಿ ನೋಡಿ. ಬೆಂಗಳೂರು ಬಸ್ಸಿಗೆ ಕಾಯುವ ಕುಟುಂಬಗಳು ಕಾಣುತ್ತವೆ. ಗಂಟಿನಲ್ಲಿ ಜೋಳದ ಹಿಟ್ಟು, ಪಾತ್ರೆ, ಕೌದಿ. ಕೂಲಿಗಾಗಿ ಹೀಗೆ ಊರು ಬಿಡೋದಕ್ಕೆ ನಮ್ಮ ಕಡೆ ಒಂದೇ ಮಾತು, ಗುಳೆ.

ತುಂಗಭದ್ರಾ ಎಡದಂಡೆ ಕಾಲುವೆ ನೀರು ಮುಟ್ಟುವ ಊರಲ್ಲಿ ಭತ್ತ ಬೆಳೆಯುತ್ತಾರೆ. ಮುಟ್ಟದ ಊರಲ್ಲಿ ಮಳೆಯೇ ಗತಿ. ಮಳೆ ಕೈಕೊಟ್ಟರೆ ಮೇಸ್ತ್ರಿ ಹತ್ತಿರ ಮುಂಗಡ ತಗೊಂಡು ಹೊರಡಬೇಕು. ಮುದುಕರು ಮಕ್ಕಳು ಊರಲ್ಲಿ, ದುಡಿಯುವವರು ತಗಡಿನ ಶೆಡ್ಡಲ್ಲಿ.

[ದೃಶ್ಯ: ಕಟ್ಟಡದ ಕೆಲಸ, ಸಿಮೆಂಟ್ ಬುಟ್ಟಿ ಹೊತ್ತ ಕೈಗಳು.]

ಈ ಬದುಕನ್ನೇ ರಾಯಚೂರು ಕಡೆಯ ಉತ್ಸವ್ ಗೋನವಾರ ಸಿನಿಮಾ ಮಾಡಿದರು. ಹೆಸರು ‘ಫೋಟೋ’. ದೊಡ್ಡ ಸ್ಟಾರ್ ಇಲ್ಲ. ನಟ ಪ್ರಕಾಶ್ ರಾಜ್ ಅವರ ರಂಗಸಂಸ್ಥೆ ‘ನಿರ್ದಿಗಂತ’ ಬೆನ್ನಿಗೆ ನಿಂತು, 2024ರ ಮಾರ್ಚ್‌ನಲ್ಲಿ ಥಿಯೇಟರಿಗೆ ಬಂತು.

ಕಥೆ ತುಂಬಾ ಸಣ್ಣದು. ದುರ್ಗ್ಯಾ ಅನ್ನೋ ಹುಡುಗನಿಗೆ ವಿಧಾನಸೌಧದ ಮುಂದೆ ನಿಂತು ಒಂದು ಫೋಟೋ ತೆಗೆಸಿಕೊಳ್ಳುವ ಆಸೆ. ಅಪ್ಪ ಬೆಂಗಳೂರಲ್ಲಿ ಕಟ್ಟಡದ ಕೂಲಿ. ಹುಡುಗ ಅಪ್ಪನ ಹತ್ತಿರ ಹೋಗುತ್ತಾನೆ. ಅಷ್ಟರಲ್ಲಿ ಲಾಕ್‌ಡೌನ್.

ಆ ದಿನ ನೆನಪಿದೆಯಾ? 2020ರ ಮಾರ್ಚ್ 24ರ ರಾತ್ರಿ ಘೋಷಣೆ. ಮರುದಿನ ಯುಗಾದಿ! ಗುಳೆ ಹೋದವರೂ ಊರಿಗೆ ಬರಬೇಕು ಅಂತ ಹಂಬಲಿಸುವ ಹಬ್ಬ ಅದು. ಬಸ್ ಇಲ್ಲ, ರೈಲಿಲ್ಲ, ಕೆಲಸ ಇಲ್ಲ. ಹಿರಿಯೂರು, ಚಳ್ಳಕೆರೆ, ಬಳ್ಳಾರಿ, ಸಿರುಗುಪ್ಪ ದಾಟಿದರೆ ಸಿಂಧನೂರು. ಬಸ್ಸಲ್ಲಿ ಒಂದು ರಾತ್ರಿಯ ದಾರಿ. ನಡೆದರೆ? ಅಪ್ಪ ಮಗ ನಡೆಯುತ್ತಾರೆ. ಮುಂದಿನದನ್ನು ನಾನು ಹೇಳಲ್ಲ, ನೀವೇ ನೋಡಬೇಕು.

[ದೃಶ್ಯ: ಖಾಲಿ ಹೆದ್ದಾರಿ, ಮಧ್ಯಾಹ್ನದ ಬಿಸಿಲು.]

ಆ ದಿನಗಳಲ್ಲಿ ಟಿವಿಯಲ್ಲಿ ನಡೆಯುವವರನ್ನು ನಾವೆಲ್ಲ ನೋಡಿದ್ದೇವೆ. ದೂರದಿಂದ, ಗುಂಪಾಗಿ. ಅವರು ಏನು ಮಾತಾಡುತ್ತಾ ನಡೆದರು ಅಂತ ಯಾರೂ ಕೇಳಿಸಿಕೊಳ್ಳಲಿಲ್ಲ. ಈ ಸಿನಿಮಾ ಅದನ್ನು ಕೇಳಿಸುತ್ತದೆ, ಅದೂ ನಮ್ಮ ಮಾತಲ್ಲಿ. ನನಗೆ ಇದೇ ದೊಡ್ಡದು. ಕನ್ನಡ ಸಿನಿಮಾದಲ್ಲಿ ನಮ್ಮ ಕಡೆಯ ಮಾತು ಬಂದರೆ ಬಹಳ ಸಲ ಜನರನ್ನು ನಗಿಸೋಕೆ ಬರುತ್ತದೆ. ‘ಯಪ್ಪಾ’ ಅಂದರೆ ಸಾಕು, ಥಿಯೇಟರ್ ನಗುತ್ತದೆ. ಆದರೆ ಹಸಿದ ಮಗು ಅದೇ ‘ಯಪ್ಪಾ’ ಅಂದಾಗ ಯಾರಿಗೆ ನಗು ಬರುತ್ತದೆ ಹೇಳಿ?

ಉತ್ಸವ್ ಈ ಭಾಷೆಯನ್ನು ಹೊರಗಿನಿಂದ ಕಲಿತು ತಂದಿಲ್ಲ. ಅದಕ್ಕೇ ಪಾತ್ರಗಳು ಸುಮ್ನೆ ಮಾತಾಡುತ್ತವೆ, ಭಾಷಣ ಮಾಡಲ್ಲ. ಸರ್ಕಾರವನ್ನು ಬೈಯುವ ಉದ್ದುದ್ದ ಡೈಲಾಗಿಗಿಂತ, ಸುಸ್ತಾದ ಮಗನ ಮುಖ ನೋಡುವ ಅಪ್ಪನ ಕಣ್ಣು ಜಾಸ್ತಿ ಹೇಳುತ್ತದೆ.

[ದೃಶ್ಯ: ಮತ್ತೆ ಬಸ್ ಸ್ಟ್ಯಾಂಡ್. ಬಸ್ಸಿನ ಕಿಟಕಿಯಲ್ಲಿ ಒಂದು ಮಗು.]

ನಿಮ್ಮ ಮನೆಯಲ್ಲಿ, ಓಣಿಯಲ್ಲಿ ಆ ವರ್ಷ ನಡೆದು ಬಂದವರು ಇದ್ದರೆ, ಅವರ ಜೊತೆ ಕೂತು ಈ ಸಿನಿಮಾ ನೋಡಿ. ಆಮೇಲೆ ಅವರು ಎಲ್ಲೆಲ್ಲಿ ನೀರು ಕುಡಿದರು, ಯಾವ ಊರಿನವರು ಅನ್ನ ಕೊಟ್ಟರು ಅಂತ ಕೇಳಿ. ಅವರು ಒಪ್ಪಿದರೆ ರೆಕಾರ್ಡ್ ಮಾಡಿ ನಮಗೆ ಕಳಿಸಿ. ಮುಂದಿನ ವಿಡಿಯೋದಲ್ಲಿ ಅವರೇ ಮಾತಾಡಲಿ.