ನೀಲಿಯಿಂದ ಕೆಂಪಿನ ಗುಂಪಿಗೆ: ಸ್ಟೀಫನ್ ಹೆಂಡ್ರಿಯ ಆಟ

ಕೇಳುಗರಿಗೆ ನಮಸ್ಕಾರ.

ಸ್ನೂಕರ್ ಟೇಬಲ್ಲಿನ ನಟ್ಟನಡುವೆ ನೀಲಿ ಚೆಂಡು ಕೂತಿರುತ್ತದೆ. ಅದಕ್ಕೆ ಐದು ಅಂಕ. ಅಲ್ಲಿಂದ ಸುಮಾರು 89 ಸೆಂಟಿಮೀಟರ್ ಆಚೆ ಗುಲಾಬಿ ಚೆಂಡು. ಅದರ ಬೆನ್ನಿಗೆ ತ್ರಿಕೋನದಲ್ಲಿ ಜೋಡಿಸಿದ ಹದಿನೈದು ಕೆಂಪು. ಸ್ಕಾಟ್ಲೆಂಡಿನ ಸ್ಟೀಫನ್ ಹೆಂಡ್ರಿಯ ವೃತ್ತಿಜೀವನದ ಗುಟ್ಟು ಈ ಮೂರರ ನಡುವಿನ ಜಾಗದಲ್ಲಿದೆ.

ಹೆಂಡ್ರಿ ಹುಟ್ಟಿದ್ದು 1969ರ ಜನವರಿ 13ರಂದು. ಹನ್ನೆರಡು ತುಂಬಿದ ಮೇಲೆ, ಒಂದು ಕ್ರಿಸ್‌ಮಸ್ಸಿಗೆ, ಮನೆಯವರು ಪುಟ್ಟ ಟೇಬಲ್ಲೊಂದನ್ನು ತಂದುಕೊಟ್ಟರು. 1985ರಲ್ಲಿ, ಹದಿನಾರಕ್ಕೇ ವೃತ್ತಿಪರ. 1987ರಲ್ಲಿ ಡೆನಿಸ್ ಟೇಲರ್‌ರನ್ನು ಸೋಲಿಸಿ ಗ್ರಾಂಡ್ ಪ್ರಿ ಗೆದ್ದರು. ಅದು ವಿಶ್ವ ಕ್ರಮಾಂಕಕ್ಕೆ ಲೆಕ್ಕವಾಗುವ, ಅವರ ಮೊದಲ ರ‍್ಯಾಂಕಿಂಗ್ ಪ್ರಶಸ್ತಿ. 1990ರಲ್ಲಿ ಇಂಗ್ಲೆಂಡಿನ ಶೆಫೀಲ್ಡಿನಲ್ಲಿ, ವಿಶ್ವ ಚಾಂಪಿಯನ್‌ಷಿಪ್ ನಡೆಯುವ ಕ್ರೂಸಿಬಲ್ ರಂಗಮಂದಿರದಲ್ಲಿ, ಜಿಮ್ಮಿ ವೈಟ್ ವಿರುದ್ಧ 18-12 ಫ್ರೇಮುಗಳಿಂದ ವಿಶ್ವ ಚಾಂಪಿಯನ್. ಪಂದ್ಯದೊಳಗಿನ ಒಂದೊಂದು ಆಟವೂ ಒಂದು ಫ್ರೇಮ್. ಆಗ ವಯಸ್ಸು 21.

ಎಂಬತ್ತರ ದಶಕವನ್ನು ಆಳಿದ ಸ್ಟೀವ್ ಡೇವಿಸ್ ಪಾಟಿಂಗ್‌ನಲ್ಲೂ, ಅಂದರೆ ಚೆಂಡನ್ನು ಪಾಕೆಟ್ಟಿಗೆ ಹಾಕುವುದರಲ್ಲೂ, ಸೇಫ್ಟಿ ಎನ್ನುವ ರಕ್ಷಣೆಯ ಆಟದಲ್ಲೂ ಗಟ್ಟಿಗರು. ಎದುರಾಳಿಗೆ ಸುಲಭದ ಚೆಂಡು ಸಿಗದಂತೆ ನೋಡಿಕೊಂಡು ಕಾಯುವ ತಾಳ್ಮೆ ಅವರದು. ಹೆಂಡ್ರಿಗೆ ಆ ಕಾಯುವಿಕೆಯೇ ಒಗ್ಗಲಿಲ್ಲ. ದೂರದ ಕೆಂಪೊಂದು ಕಂಡರೆ ಸಾಕು, ಅದನ್ನು ಪಾಕೆಟ್ಟಿಗೆ ಹಾಕಿ, ಆ ಒಂದೇ ಸರದಿಯಲ್ಲಿ ಫ್ರೇಮ್ ಮುಗಿಸುವುದು ಅವರ ಪಟ್ಟು. ಅದಕ್ಕೆ ಕೆಂಪಿನ ಗುಂಪು ಬೇಗ ಒಡೆಯಬೇಕು. ಉಳಿದ ಆಟಗಾರರು ಸಾಮಾನ್ಯವಾಗಿ ಕಪ್ಪು ಚೆಂಡನ್ನು ಹಾಕುತ್ತ, ಕ್ಯೂ ಕೋಲಿನಿಂದ ಹೊಡೆಯುವ ಬಿಳಿ ಚೆಂಡನ್ನು ಗುಂಪಿಗೆ ನುಗ್ಗಿಸುತ್ತಿದ್ದರು. ಹೆಂಡ್ರಿ ನೀಲಿಯನ್ನು ಹಾಕುತ್ತ ನುಗ್ಗಿಸಿದರು. ಇದರಿಂದ ಕೆಂಪುಗಳು ಕಪ್ಪು ಚೆಂಡಿನತ್ತ, ಮೇಲಿನ ಎರಡು ಪಾಕೆಟ್ಟುಗಳ ಆಸುಪಾಸಿಗೆ ಚದುರುತ್ತವೆ. ದೊಡ್ಡ ಬ್ರೇಕ್, ಅಂದರೆ ಒಂದೇ ಸರದಿಯಲ್ಲಿ ಗಳಿಸುವ ಅಂಕಗಳ ಮೊತ್ತ, ಕಟ್ಟಲು ಬೇಕಾದ ಜಾಗವೇ ಅದು.

ಈ ಹೊಡೆತವನ್ನು ಸ್ವಲ್ಪ ಹತ್ತಿರದಿಂದ ನೋಡೋಣ. ನೀಲಿ ಹೋಗಬೇಕಾದದ್ದು ಎಡಗಡೆಯ ಮಧ್ಯದ ಪಾಕೆಟ್ಟಿಗೆ ಎನ್ನಿ. ಬಿಳಿ ಚೆಂಡು ಬಲಗಡೆ, ಬಾಕ್ ಗೆರೆಯ ಕಡೆಗೆ, ಅಂದರೆ ಕೆಂಪುಗಳಿಗೆ ಎದುರಿನ ತುದಿಯ ಕಡೆಗೆ, ಸ್ವಲ್ಪ ಸರಿದು ನಿಂತಿರಬೇಕು. ತೀರ ನೇರವಾಗಿದ್ದರೆ ನೀಲಿಯೇನೋ ಬೀಳುತ್ತದೆ, ಆದರೆ ಬಿಳಿ ಚೆಂಡಿಗೆ ಗುಂಪಿನತ್ತ ಓಡಲು ಕೋನವೇ ಇರುವುದಿಲ್ಲ. ಕೋನ ಅತಿಯಾದರೆ ನೀಲಿಯನ್ನು ತೆಳ್ಳಗೆ ಸವರಬೇಕಾಗುತ್ತದೆ. ಜೋರಾಗಿ ಹೊಡೆಯುವಾಗ ಅದು ತಪ್ಪುವ ಸಂಭವ ಹೆಚ್ಚು. ಹದವಾದ ಕೋನದಲ್ಲಿ, ಉರುಳುವಿಕೆಯಾಗಲಿ ಹಿಮ್ಮುಖ ತಿರುಗುವಿಕೆಯಾಗಲಿ ಇಲ್ಲದೆ ಬಿಳಿ ಚೆಂಡು ನೀಲಿಗೆ ತಾಗಿದರೆ, ಅದು ಟೇಬಲ್ಲಿನ ನಡುಗೆರೆಯಿಂದ ಒಂದು ಚೆಂಡಿನಷ್ಟು, ಅಂದರೆ ಸುಮಾರು 52 ಮಿಲಿಮೀಟರ್, ಬಲಕ್ಕೆ ಸರಿದು ನೇರ ಮೇಲಕ್ಕೆ ಹೋಗುತ್ತದೆ. ಗುಲಾಬಿಯನ್ನು ಕೂದಲೆಳೆಯಲ್ಲಿ ದಾಟಿ ತ್ರಿಕೋನದ ಎರಡನೇ ಇಲ್ಲವೇ ಮೂರನೇ ಸಾಲಿನ ಕೆಂಪಿಗೆ ಬಡಿಯುತ್ತದೆ. ಮುಮ್ಮುಖ ತಿರುಗುವಿಕೆ ಸ್ವಲ್ಪ ಹೆಚ್ಚಾದರೂ ದಾರಿ ಎಡಕ್ಕೆ ಬಾಗುತ್ತದೆ, ಬಿಳಿ ಚೆಂಡು ಗುಲಾಬಿಗೆ ಡಿಕ್ಕಿ ಹೊಡೆಯುತ್ತದೆ. ವೇಗವೆಲ್ಲ ಅಲ್ಲೇ ಸತ್ತು, ಅದು ಚೆಂಡುಗಳ ನಡುವೆ ಸಿಕ್ಕಿಹಾಕಿಕೊಳ್ಳುತ್ತದೆ.

ಇದಕ್ಕೆಲ್ಲ ಬೇಕಾದದ್ದು ಕ್ಯೂ ಕೋಲು ಚೆಂಡನ್ನು ದಾಟಿ ನೇರವಾಗಿ ಮುಂದಕ್ಕೆ ಹರಿಯುವುದು. ತಾಗಿದ ಕೂಡಲೇ ಕೈ ಬಿಗಿಹಿಡಿದರೆ ವೇಗವೂ ಹೋಯಿತು, ಗುರಿಯೂ ಹೋಯಿತು. ಹೆಂಡ್ರಿಯ ಕೈ ತೊಂಬತ್ತರ ದಶಕದಲ್ಲಿ ಬಿಗಿಯಲೇ ಇಲ್ಲ. 1992ರ ವಿಶ್ವ ಚಾಂಪಿಯನ್‌ಷಿಪ್ ಫೈನಲ್‌ನಲ್ಲಿ ಜಿಮ್ಮಿ ವೈಟ್ ಎದುರು 8-14ರಿಂದ ಹಿಂದಿದ್ದವರು ಸತತ ಹತ್ತು ಫ್ರೇಮ್ ಗೆದ್ದು 18-14ಕ್ಕೆ ಮುಗಿಸಿದರು. 1993ರಲ್ಲಿ ಅದೇ ವೈಟ್ ವಿರುದ್ಧ 18-5. 1994ರಲ್ಲಿ ಪಂದ್ಯಾವಳಿಯ ನಡುವೆ ಹೋಟೆಲಿನ ಬಚ್ಚಲಲ್ಲಿ ಜಾರಿ ಎಡ ಮೊಣಕೈ ಮೂಳೆ ಬಿರುಕು ಬಿಟ್ಟಿತು. ಬಲಗೈ ಆಟಗಾರನಿಗೆ ಎಡಗೈಯೇ ಸೇತುವೆ. ಟೇಬಲ್ಲಿನ ಮೇಲೆ ಊರಿದ ಆ ಕೈ ಅಲುಗಿದರೆ ಕ್ಯೂ ದಾರಿ ತಪ್ಪುತ್ತದೆ. ಆ ನೋವಿನಲ್ಲೇ ಫೈನಲ್ ತಲುಪಿದರು. 17-17ರಲ್ಲಿ, ಕೊನೆಯ ಫ್ರೇಮಿನಲ್ಲಿ, ವೈಟ್ ಒಂದು ಕಪ್ಪು ಚೆಂಡನ್ನು ತಪ್ಪಿಸಿದರು. ಹೆಂಡ್ರಿ ಎದ್ದುಬಂದು 58ರ ಬ್ರೇಕಿನಲ್ಲಿ ಪ್ರಶಸ್ತಿ ಒಯ್ದರು. ಒತ್ತಡದಲ್ಲಿ ಆಡಿದ ಬ್ರೇಕುಗಳಲ್ಲಿ ಇದಕ್ಕಿಂತ ಮಹತ್ವದ್ದನ್ನು ಹುಡುಕುವುದು ಕಷ್ಟ.

1995, 1996, ಮತ್ತೆ 1999: ಹೀಗೆ ಒಟ್ಟು ಏಳು ವಿಶ್ವ ಪ್ರಶಸ್ತಿಗಳು. ಕ್ರೂಸಿಬಲ್‌ನಲ್ಲಿ ಸತತ 29 ಪಂದ್ಯ ಗೆದ್ದ ಮೇಲೆ 1997ರ ಫೈನಲ್‌ನಲ್ಲಿ ಕೆನ್ ಡೊಹರ್ಟಿ ಆ ಓಟ ನಿಲ್ಲಿಸಿದರು. ರ‍್ಯಾಂಕಿಂಗ್ ಪ್ರಶಸ್ತಿಗಳು 36, ಅಗ್ರ ಆಟಗಾರರಿಗಷ್ಟೇ ಆಹ್ವಾನವಿರುವ ಮಾಸ್ಟರ್ಸ್ ಪ್ರಶಸ್ತಿಗಳು ಆರು.

ಬಾಲ್ಯದಿಂದ ಜೊತೆಗಿದ್ದ, ನಲವತ್ತು ಪೌಂಡ್ ಬೆಲೆಯ ಕ್ಯೂ 2003ರಲ್ಲಿ ವಿಮಾನ ಪ್ರಯಾಣದಲ್ಲಿ ಮುರಿಯಿತು. ಏಳೂ ವಿಶ್ವ ಪ್ರಶಸ್ತಿಗಳನ್ನು ಗೆದ್ದದ್ದು ಅದರಿಂದಲೇ. ಆದರೆ ಅವರನ್ನು ನಿಜಕ್ಕೂ ಕಾಡಿದ್ದು ‘ಯಿಪ್ಸ್’ ಎನ್ನುವ ತೊಂದರೆ. ಹಿಂದಕ್ಕೆ ಎಳೆದ ಕ್ಯೂ ಮುಂದಕ್ಕೆ ಬರುವ ಕ್ಷಣದಲ್ಲಿ ತೋಳು ತಾನಾಗಿ ಬಿಗಿಯುತ್ತದೆ. ಅಭ್ಯಾಸದಲ್ಲಿ ಸರಿಹೋದದ್ದು ಪಂದ್ಯದಲ್ಲಿ ಕೈಕೊಡುತ್ತದೆ. ಮೆಲ್ಲಗೆ ಆಡಿ, ಸೇಫ್ಟಿಯಲ್ಲಿ ಗೆಲ್ಲುವವರಿಗೆ ಇದನ್ನು ಹೇಗೋ ಮರೆಮಾಚಬಹುದು. ನೀಲಿಯಿಂದ ಗುಂಪು ಒಡೆಯುವ ಆಟಗಾರನಿಗೆ ಮರೆಮಾಚಲು ಜಾಗವಿಲ್ಲ. 2006ರಲ್ಲಿ ಮತ್ತೆ ವಿಶ್ವದ ನಂಬರ್ ಒನ್ ಆದರೂ ವಿಶ್ವ ಪ್ರಶಸ್ತಿ ಮತ್ತೆ ಕೈಗೆ ಸಿಗಲಿಲ್ಲ.

2012ರ ಕ್ರೂಸಿಬಲ್. ಮೊದಲ ಸುತ್ತಿನಲ್ಲಿ ಸ್ಟುವರ್ಟ್ ಬಿಂಗಮ್ ವಿರುದ್ಧ ಹದಿನೈದು ಕೆಂಪು, ಹದಿನೈದು ಕಪ್ಪು, ಆಮೇಲೆ ಆರೂ ಬಣ್ಣ: 147. ಅದು ಅವರ 11ನೇ ಗರಿಷ್ಠ ಬ್ರೇಕ್. ಕ್ವಾರ್ಟರ್ ಫೈನಲ್‌ನಲ್ಲಿ ಸ್ವದೇಶದ ಸ್ಟೀಫನ್ ಮ್ಯಾಗ್ವೈರ್‌ಗೆ 2-13ರಿಂದ ಸೋತು ನಿವೃತ್ತಿ ಹೇಳಿದರು.

ಎಂಟು ವರ್ಷದ ಬಳಿಕ ಮರಳಲು ಒಪ್ಪಿ, 2021ರ ಜಿಬ್ರಾಲ್ಟರ್ ಓಪನ್‌ನಲ್ಲಿ ಮ್ಯಾಥ್ಯೂ ಸೆಲ್ಟ್‌ಗೆ 1-4ರಿಂದ ಸೋತರು. ಗೆದ್ದ ಆ ಒಂದು ಫ್ರೇಮಿನಲ್ಲಿ ಅವರ ಬ್ರೇಕ್ 107.