ಬಹೀಗಾ ಹಾಫಿಜ್: ಹೆಸರು ಮುಚ್ಚಿಡದ ನಟಿ

ಎಲ್ಲರಿಗೂ ನಮಸ್ಕಾರ.

ಈಜಿಪ್ಟ್ ಸಿನಿಮಾ ಅಂದ ಕೂಡಲೇ ನಮ್ಮಲ್ಲಿ ಜಾಸ್ತಿ ಜನಕ್ಕೆ ನೆನಪಾಗುವುದು ಒಮರ್ ಷರೀಫ್, ಅಲ್ವಾ? ಅವರು ಹುಟ್ಟಿದ್ದು 1932ರಲ್ಲಿ. ಅದಕ್ಕೂ 2 ವರ್ಷ ಮೊದಲೇ ತೆರೆಗೆ ಬಂದ ಒಬ್ಬ ನಟಿಯ ಕತೆಯನ್ನು ಇವತ್ತು ಹೇಳುತ್ತೇನೆ. ಹೆಸರು ಬಹೀಗಾ ಹಾಫಿಜ್. ಬರಹದ ಅರಬ್ಬಿಯಲ್ಲಿ ಬಹೀಜಾ. ಕೈರೋದವರ ಬಾಯಲ್ಲಿ ‘ಜ’ ಹೋಗಿ ‘ಗ’ ಆಗುತ್ತದೆ. ನಾನೂ ಅವರ ಊರಿನವರು ಕರೆದ ಹಾಗೆಯೇ ಕರೆಯುತ್ತೇನೆ.

ಹುಟ್ಟಿದ್ದು 1908ರಲ್ಲಿ, ಅಲೆಕ್ಸಾಂಡ್ರಿಯಾದ ಸಿರಿವಂತರ ಮನೆಯಲ್ಲಿ. ಪಿಯಾನೋ ಕಲಿತರು, ಸ್ವಂತ ಸಂಗೀತ ಕಟ್ಟಿದರು. ಆಗ ನಿರ್ದೇಶಕ ಮೊಹಮ್ಮದ್ ಕರೀಮ್ ‘ಜೈನಬ್’ ಕಾದಂಬರಿಯನ್ನು ಸಿನಿಮಾ ಮಾಡಲು ಹೊರಟಿದ್ದರು. ನಾಯಕಿಯಾಗಿ ಸಿಕ್ಕಿದ್ದು ಈ ಪಿಯಾನೋ ಹುಡುಗಿ.

ಆ ಕಾದಂಬರಿಯದೇ ಒಂದು ಕತೆ ಇದೆ. ಬರೆದವರು ಮೊಹಮ್ಮದ್ ಹುಸೇನ್ ಹೈಕಲ್, ವಕೀಲರು. 1913ರಲ್ಲಿ ಪುಸ್ತಕ ಬಂದಾಗ ಅವರು ತಮ್ಮ ಹೆಸರು ಹಾಕಿಕೊಳ್ಳಲಿಲ್ಲ. ‘ಒಬ್ಬ ಈಜಿಪ್ಟ್ ರೈತ’ ಅಂತಷ್ಟೇ ಹಾಕಿಸಿದರು. ಗಂಡಸು, ಓದಿದವರು, ಅವರಿಗೇ ಅಳುಕಿತ್ತು. 17 ವರ್ಷ ಕಳೆದ ಮೇಲೆ ಅದೇ ಕತೆಗೆ 22ರ ಹೆಣ್ಣುಮಗಳು ತನ್ನ ಹೆಸರನ್ನೂ ಕೊಟ್ಟಳು, ಮುಖವನ್ನೂ ಕೊಟ್ಟಳು. ನನ್ನ ಮನಸ್ಸಿಗೆ ನಾಟಿದ್ದು ಇದು.

ಜೈನಬ್ ಹೊಲದಲ್ಲಿ ದುಡಿಯುವ ಹುಡುಗಿ. ಇಷ್ಟಪಟ್ಟದ್ದು ಇಬ್ರಾಹಿಮನನ್ನು, ಮನೆಯವರು ಮದುವೆ ಮಾಡಿದ್ದು ಹಸನ್ ಜೊತೆ. ಇಬ್ರಾಹಿಮನನ್ನು ಸೈನ್ಯಕ್ಕೆ ಸೇರಿಸಿ ಸುಡಾನಿಗೆ ಕಳಿಸುತ್ತಾರೆ. ಅವಳ ಹತ್ತಿರ ಉಳಿಯುವುದು ಅವನ ಕರವಸ್ತ್ರ ಒಂದೇ. ಕ್ಷಯ ಹತ್ತಿ ಸಾಯುವವರೆಗೂ ಅದನ್ನು ಬಿಡುವುದಿಲ್ಲ.

ಸಿನಿಮಾ ಮೂಕಿ. ಬಹೀಗಾ ಅವರ ದನಿ ಯಾರಿಗೂ ಕೇಳುವಂತಿರಲಿಲ್ಲ. ಆದರೆ ಚಿತ್ರದ ಜೊತೆ ನುಡಿಸುವ ಸಂಗೀತ ಕಟ್ಟಿದ್ದು ಅವರೇ. ಸುಮ್ನೆ ಯೋಚಿಸಿ, ತೆರೆಯ ಮೇಲೆ ಮಾತಿಲ್ಲದೆ ಅಳುವವಳೂ ಅವಳೇ, ಆ ಅಳುವಿಗೆ ಸ್ವರ ಹಾಕಿದವಳೂ ಅವಳೇ.

ಮನೆಯವರು ಸಂಬಂಧ ಕಡಿದುಕೊಂಡರು. ಒಳ್ಳೆ ಮನೆತನದ ಹುಡುಗಿ ಸಿನಿಮಾಕ್ಕೆ ಹೋಗುವುದೆಂದರೆ ಆಗ ಮಾನ ಹೋದ ಹಾಗೆ. ಬಹೀಗಾ ವಾಪಸ್ ಹೋಗಲಿಲ್ಲ. ಗಂಡನ ಜೊತೆ ‘ಫನಾರ್ ಫಿಲ್ಮ್’ ಸಂಸ್ಥೆ ಕಟ್ಟಿ, ತಾವೇ ಚಿತ್ರ ತೆಗೆದರು.

1937ರ ‘ಲೈಲಾ ಬಿಂತ್ ಅಲ್ ಸಹರಾ’ಕ್ಕೆ ಅವರು ತುಂಬಾ ದುಡ್ಡು ಸುರಿದಿದ್ದರು. ಪರ್ಷಿಯಾದ ದೊರೆಗೆ ಮಣಿಯದ ಅರಬ್ ಹೆಣ್ಣಿನ ಕತೆ ಅದು. ಆದರೆ ಈಜಿಪ್ಟಿನ ರಾಜಕುಮಾರಿ ಫೌಜಿಯಾಗೆ ಇರಾನಿನ ಯುವರಾಜನ ಜೊತೆ ನಂಟು ಕುದುರಿತು. ಬೀಗರಿಗೆ ಬೇಸರ ಆಗಬಾರದಲ್ಲ? ಚಿತ್ರಕ್ಕೆ ನಿಷೇಧ ಬಿತ್ತು. ಮತ್ತೆ ತೆರೆ ಕಂಡಿದ್ದು 1944ರಲ್ಲಿ, ಬೇರೆ ಹೆಸರಲ್ಲಿ. ಇದು ಅವರಿಗೆ ಆದ ದೊಡ್ಡ ಅನ್ಯಾಯ ಅಂತಲೇ ನಾನು ಹೇಳುತ್ತೇನೆ.

ಆಮೇಲೆ ಅವರು ತೆರೆಯಿಂದ ದೂರವಾದರು. 1966ರಲ್ಲಿ ಸಲಾಹ್ ಅಬು ಸೈಫ್ ತಮ್ಮ ‘ಕೈರೋ 30’ ಚಿತ್ರಕ್ಕೆ ಅವರನ್ನು ಕರೆದು ಒಂದು ಸಣ್ಣ ಪಾತ್ರ ಕೊಟ್ಟರು. ಹೊಲದ ಹುಡುಗಿಯಾಗಿ ಶುರುಮಾಡಿದವರು ಅದರಲ್ಲಿ ರಾಜಕುಮಾರಿ. ಸಿಕ್ಕರೆ ಆ ಚಿತ್ರ ನೋಡಿ. ಅವರು ಬರುವ ಹೊತ್ತಿಗೆ ಕಣ್ಣು ಆಚೀಚೆ ಹೊರಳಿಸಬೇಡಿ.